ಕಲ್ಲಿನ ಕೆನ್ನೆ, ಗಾರೆಯ ಕೂದಲು

ಕೋಸ್ ದ್ವೀಪ
ದ್ರಾಕ್ಷಿ ಕೊಯ್ಲು, ಸ್ವಾತಿ ನಕ್ಷತ್ರ ಬೆಳಗಿನ ಜಾವ ಕಾಣಿಸಿದ ಮರುವಾರ

ಅಲ್ಲ ಕಣೋ ಅಣ್ಣ, ನೀನು ಏನೇ ಹೇಳು, ಗುಡೀಲಿರೋ ಆ ಕಲ್ಲಿನ ಮುದುಕ ಬೆಸ್ತನ ಕಾಲು ಊದ್ಕೊಂಡೇ ಇದೆ. ನಾನೇ ಬಗ್ಗಿ ನೋಡಿದೀನಿ. ನರ ಹೆಂಗೆ ಎದ್ದಿದೆ ಅಂದ್ರೆ, ಬೆರಳಿಟ್ರೆ ಮಿಡಿಯತ್ತೇನೋ ಅನ್ಸತ್ತೆ. "ಕಲ್ಲಲ್ಲೇ ಗೆರೆ ಇದ್ದಿರಬೇಕು" ಅಂತ ಅಲೆಕ್ಸಾಂಡ್ರಿಯದಲ್ಲಿ ಕೂತ್ಕೊಂಡು ಬರೀತೀಯಲ್ಲ, ಅದನ್ನ ದಿನಾ ನೋಡೋಳು ನಾನಾ ನೀನಾ? ವೈದ್ಯದೇವರ ಗುಡಿಗೆ ಎಲ್ಲರೂ ರೋಗ ವಾಸಿ ಮಾಡ್ಸ್ಕೊಳ್ಳೋಕೆ ಬಂದ್ರೆ ನಾನು ಶಿಲ್ಪ ನೋಡೋಕೆ ಹೋಗ್ತೀನಿ. ಪೂಜಾರಿಗೂ ಗೊತ್ತು. "ಬಂದ್ಳಪ್ಪ ದಾಮಿಸ್ ತಂಗಿ ಮಿರ್ತೊ, ದೇವರಿಗೆ ಬೆನ್ನು ಹಾಕಿ ನಿಲ್ಲೋಳು" ಅಂತಾನೆ.

ನಿನ್ನೆ ಪಕ್ಕದ ಮನೆ ಗ್ಲೌಕೆ ಅತ್ತೆ ಜೊತೆ ಜಗಳ ಆಯ್ತು. "ದೇವರ ಮನೇಲಿ ಇಂಥ ಸುಕ್ಕು ಮುದುಕನ್ನ ಯಾಕೆ ನಿಲ್ಸಿದಾರೋ! ಒಬ್ಬ ಚೆಂದದ ಹುಡುಗನ್ನ ನಿಲ್ಸಿದ್ರೆ ಬಂದ ರೋಗಿಗಾದ್ರೂ ಹಾಯೆನಿಸ್ತಿತ್ತು" ಅಂದ್ಲು. ನಾನು ಬಿಡ್ತೀನಾ? "ಅತ್ತೆ, ಚೆಂದದ ಹುಡುಗನ್ನ ನೋಡಿ ನಿಮ್ಮ ಮಂಡಿನೋವು ಹೋಗಲ್ಲ, ಎದೆನೋವು ಬರತ್ತೆ" ಅಂದೆ. ಗುಡೀಲಿದ್ದೋರೆಲ್ಲ ನಕ್ಕುಬಿಟ್ರು. ಅಪ್ಪ ಇದ್ದಿದ್ರೆ ಅವನೂ ನಗ್ತಿದ್ದ. ಏನಂತಿದ್ದ ನೆನಪಿದ್ಯಾ? "ಉಳಿ ಕಂಡಿದ್ದನ್ನೇ ಹೇಳ್ಬೇಕು. ಸುಳ್ಳು ಹೇಳ್ಲೇಬೇಕು ಅಂತಿದ್ರೆ ಆ ಕೆಲ್ಸ ಬಣ್ಣಕ್ಕೆ ಬಿಡು." ಅವನು ಹಂಗಂದಾಗೆಲ್ಲ, ಪಕ್ಕದಲ್ಲಿ ಕೂತು ಶಿಲ್ಪಕ್ಕೆ ಮೇಣ ತಿಕ್ತಿದ್ದ ಅಮ್ಮ, "ಮೇಣಕ್ಕೆ ಏನು ಬಿಡ್ತೀಯ?" ಅಂತ ಕೇಳೋಳು.

ಅಮ್ಮ ಚೆನ್ನಾಗಿದಾಳೆ. ಸೂಜಿಗೆ ದಾರ ಪೋಣಿಸೋ ಕೆಲ್ಸ ಮಾತ್ರ ಈಗ ನಂದು. ಅಷ್ಟೇ.

ಅವಳದ್ದು ಒಂದೇ ಜಪ: "ನನ್ನ ಹೆಸರಿನೋಳು ಹೆಂಗಿದಾಳೆ?" ಮೊಮ್ಮಗಳಿಗೆ ಕ್ಲೈನೊ ಅಂತ ತನ್ನ ಹೆಸರೇ ಇಟ್ಟಿದೀಯ ಅಂತ ಬೀದೀಲಿ ಹೋಗೋ ಕತ್ತೆಗೂ ಹೇಳಿದಾಳೆ. ಐದು ತುಂಬ್ತಲ್ಲ? ನಮ್ಮ ಮನೆ ಗುಂಗುರುಕೂದಲು ಬಂದಿದ್ಯಾ ಅಂತ ಮೂರು ಪತ್ರದಿಂದ ಕೇಳ್ತಿದೀವಿ. ನೀನು ಮಾತ್ರ ಹವಾಮಾನ ಬರೀತೀಯ. ಅತ್ತಿಗೆ ಈಜಿಪ್ಟಿನೋಳು, ಅವಳ ಕೂದಲೇ ಬಂದಿರತ್ತೆ ಅಂತ ಗ್ಲೌಕೆ ಅತ್ತೆ ಪಂತ ಕಟ್ಟಿದಾಳೆ. ನಮ್ಮ ಮಾನ ನಿನ್ನ ಕೈಲಿದೆ. ಮುಂದಿನ ಬೇಸಿಗೇಲಿ ಮಗೂನ ಕರ್ಕೊಂಡು ಬರ್ತೀನಿ ಅಂದಿದೀಯ. ಮರೀಬೇಡ.

ಮಿರ್ತೊ


ಅಲೆಕ್ಸಾಂಡ್ರಿಯ
ಕೃತ್ತಿಕೆ ಮುಳುಗುವ ಮುನ್ನ, ಕೊನೆಯ ಹಡಗಿನಲ್ಲಿ

ತಂಗಿ ಮಿರ್ತೊಗೆ ದಾಮಿಸ್ ಮಾಡುವ ಆಶೀರ್ವಾದ.

ಬೆಸ್ತನ ಕಾಲಿನ ವಿಷಯದಲ್ಲಿ ನಾನು ಸೋತೆ. ನಿನ್ನ ಹತ್ತಿರ ವಾದ ಮಾಡಿ ಗೆದ್ದವರು ಯಾರಿದ್ದಾರೆ?

ನನ್ನ ಕೆಲಸ ನಡೆಯುತ್ತಿದೆ. ಈ ಊರಿನಲ್ಲಿ ಅಮೃತಶಿಲೆಯ ಬೆಟ್ಟವಿಲ್ಲ. ಹಡಗು ತಂದ ತುಂಡೇ ಗತಿ. ಹಾಗಾಗಿ ಕಲ್ಲಿನಲ್ಲಿ ಮುಖವನ್ನಷ್ಟೇ ತೆಗೆಯುತ್ತೇವೆ. ತಲೆಯ ಹಿಂಭಾಗವನ್ನೂ ಕೂದಲನ್ನೂ ಗಾರೆಯಲ್ಲಿ ಮೆತ್ತುತ್ತೇವೆ. ಮೇಲೆ ಬಣ್ಣ ಬಿದ್ದರೆ ಕಲ್ಲು ಎಲ್ಲಿ ಮುಗಿಯಿತು, ಗಾರೆ ಎಲ್ಲಿ ಶುರುವಾಯಿತು ಎಂದು ಯಾರಿಗೂ ಗೊತ್ತಾಗುವುದಿಲ್ಲ. ಅಪ್ಪ ನೋಡಿದ್ದರೆ ನನ್ನ ಕಿವಿ ಹಿಂಡುತ್ತಿದ್ದ.

ಕ್ಲೈನೊ ಈಗ ಮನೆಯಲ್ಲಿ ನಿಲ್ಲುವುದೇ ಇಲ್ಲ. ಬಂದರಿನಲ್ಲಿ ಹಗ್ಗ ಸುತ್ತುವವರ ನಡುವೆ ಓಡಾಡಿಕೊಂಡು ಮೈಗೆಲ್ಲ ಡಾಂಬರು ಮೆತ್ತಿಕೊಂಡು ಬರುತ್ತಾಳೆ. ನನ್ನ ಜೊತೆ ನಮ್ಮ ಮಾತು, ತಾಯಿಯ ಜೊತೆ ತಾಯಿಯ ಮಾತು, ಬೆಕ್ಕಿನ ಜೊತೆ ಎರಡೂ. ಮೊನ್ನೆ ನಾನು ಕೆತ್ತಿದ ಒಬ್ಬ ವರ್ತಕನ ಮುಖ ನೋಡಿ, "ಇವನಿಗೆ ಯಾಕಪ್ಪ ಹಲ್ಲುನೋವು?" ಎಂದಳು. ನಾನು ಅವನ ಗಾಂಭೀರ್ಯ ತೋರಿಸಲು ಒಂದು ವಾರ ಒದ್ದಾಡಿದ್ದೆ.

ಕೂದಲು ಗುಂಗುರೇ. ನಿನ್ನದಕ್ಕಿಂತ ದಟ್ಟ. ಗ್ಲೌಕೆ ಅತ್ತೆ ಸೋತಳೆಂದು ಅಮ್ಮನಿಗೆ ಹೇಳು.

ಅವಳಿಗೆ ಎರಡು ದಿನದಿಂದ ಸ್ವಲ್ಪ ಕೆಮ್ಮು. ಈ ಗಾಳಿಗೆ ಬೀದಿಯ ಮಕ್ಕಳಿಗೆಲ್ಲ ಇದೆ. ನಾಳೆ ಸಮುದ್ರ ಮುಚ್ಚುತ್ತದೆ, ಚಳಿಗಾಲದ ಬಿರುಗಾಳಿ ಮುಗಿಯುವವರೆಗೆ ಹಡಗು ಹೊರಡುವುದಿಲ್ಲ. ಇನ್ನು ವಸಂತದವರೆಗೆ ಪತ್ರವಿಲ್ಲ. ಬೇಸಿಗೆಯಲ್ಲಿ ಖಂಡಿತ ಬರುತ್ತೇವೆ.

ಕ್ಷೇಮವಾಗಿರು.


ಕೋಸ್
ಸಮುದ್ರ ತೆರೆದ ಮೊದಲ ವಾರ

ಅಣ್ಣಾ! ಚಳಿಗಾಲ ಪೂರ್ತಿ ಬಾಯಿ ಕಟ್ಕೊಂಡು ಕೂತಿದ್ದೆ. ಎಲ್ಲಿಂದ ಶುರು ಮಾಡ್ಲಿ? ಮೊದ್ಲು ದೊಡ್ಡ ಸುದ್ದಿ. ನನ್ನ ಮದುವೆ ಗೊತ್ತಾಯ್ತು. ಈ ಸಲದ ದ್ರಾಕ್ಷಿ ಕೊಯ್ಲು ಮುಗಿದ ಮೇಲೆ. ಹುಡುಗ ಸಿಮೋಸ್ ಅಂತ, ರೇಷ್ಮೆ ನೇಯೋನು. ಚೆಂದ ಏನಿಲ್ಲ, ಕಿವಿ ಹಡಗಿನ ಹಾಯಿ ಥರ. ಆದ್ರೆ ಗುಡಿಗೆ ಬಂದಾಗ ಬೆಸ್ತನ ಮುಂದೆ ತುಂಬ ಹೊತ್ತು ನಿಂತ. ಆಮೇಲೆ ನನ್ನ ಕಡೆ ತಿರುಗಿ, "ಇವನ ಬುಟ್ಟೀಲಿ ಮೀನಿಲ್ಲ ಕಣ್ರೀ, ಅದಕ್ಕೇ ಹಂಗೆ ನಿಂತಿದಾನೆ" ಅಂದ. ಇಷ್ಟು ವರ್ಷ ಕಾಲು ನೋಡಿದೀನಿ, ಬುಟ್ಟಿ ನೋಡಿರ್ಲಿಲ್ಲ. ಅಲ್ಲೇ ಒಪ್ಕೊಂಡೆ.

ಈಗ ಇನ್ನೊಂದು. ಮದುವೆ ಮುಂಚೆ ಹುಡುಗಿ ತನ್ನ ಗೊಂಬೇನ ಆರ್ಟೆಮಿಸ್ ದೇವಿಗೆ ಒಪ್ಪಿಸ್ಬೇಕಲ್ಲ. ನನ್ನ ಮಣ್ಣಿನ ಗೊಂಬೆ ನೆನಪಿದ್ಯಾ? ಕೈಕಾಲು ಆಡತ್ತಲ್ಲ, ನೀನು ಒಂದ್ಸಲ ಕಾಲು ಮುರಿದು ಮೇಣ ಹಾಕಿ ಅಂಟ್ಸಿದ್ದೆ? ಅದನ್ನ ದೇವಿಗೆ ಕೊಡಲ್ಲ. ಕ್ಲೈನೊಗೆ ಕಳಿಸ್ತಿದೀನಿ. ನಾವಿಕ ಫನಿಯಾಸ್ ಕೈಲಿದೆ, ಹತ್ತಿ ಸುತ್ತಿ ಕೊಟ್ಟಿದೀನಿ. "ಗೊಂಬೆ ಕೊಡ್ದೆ ಮದುವೆ ಆದ್ರೆ ದೇವಿ ಸುಮ್ನಿರ್ತಾಳಾ?" ಅಂತ ಗ್ಲೌಕೆ ಅತ್ತೆ ಎದೆ ಎದೆ ಬಡ್ಕೊಂಡ್ಲು. ನಾನಂದೆ, "ದೇವಿಗೆ ಸಾವಿರ ಗೊಂಬೆ ಇದೆ, ನಮ್ಮ ಹುಡುಗಿಗೆ ಒಂದೂ ಇಲ್ಲ." ಅಮ್ಮ ಹೂಂ ಅಂದ್ಲು. ಅವಳು ಕ್ಲೈನೊಗೆ ಕೂದಲಿಗೆ ಕಟ್ಟೋ ಪಟ್ಟಿ ನೇಯ್ತಿದಾಳೆ. ಕೆಂಪು. ಬರೀ ಕೈಯಂದಾಜಲ್ಲಿ ನೇಯ್ತಾಳೆ, ಒಂದು ಎಳೆ ತಪ್ಪಿಲ್ಲ.

ನಿನ್ನ ಪತ್ರಾನ ಚಳಿಗಾಲದಲ್ಲಿ ಎಷ್ಟು ಸಲ ಓದ್ಸಿದಾಳೋ. "ಹಲ್ಲುನೋವು" ಅಂತ ಬಂದಾಗೆಲ್ಲ ನಗ್ತಾಳೆ. ಓದಿದ ಮೇಲೆ ಕಾಗದ ಇಸ್ಕೊಂಡು ಬೆರಳಲ್ಲಿ ಸವರ್ತಾಳೆ.

ಕೆಮ್ಮು ಹೋಯ್ತಾ? ಯಾವ ಹಡಗಲ್ಲಿ ಹೊರಡ್ತೀರಿ?

ಮಿರ್ತೊ


ಅಲೆಕ್ಸಾಂಡ್ರಿಯ
ಗೋಧಿ ಕೊಯ್ಲಿನ ತಿಂಗಳು

ಮಿರ್ತೊ,

ಮದುವೆಯ ಸುದ್ದಿ ಕೇಳಿ ಸಂತೋಷವಾಯಿತು. ಬುಟ್ಟಿ ನೋಡುವ ಗಂಡ ಸಿಗುವುದು ಸುಲಭವಲ್ಲ.

ಗೊಂಬೆ ತಲುಪಿತು. ನಾನು ಅಂಟಿಸಿದ ಕಾಲು ಹಾಗೇ ಇದೆ. ಕ್ಲೈನೊಳ ಪಕ್ಕದಲ್ಲೇ ಇಟ್ಟಿದ್ದೇನೆ.

ಈ ಬೇಸಿಗೆಯಲ್ಲಿ ಬರಲು ಆಗುವುದಿಲ್ಲ. ಕೆಲಸ ಹೆಚ್ಚು. ಅಮ್ಮನಿಗೆ ಹೇಗೆ ಹೇಳುತ್ತೀಯೋ ಹೇಳು.

ಒಂದು ಕೆಲಸ ಕೈಗೆ ಹತ್ತುತ್ತಿಲ್ಲ. ನೀನು ಶಿಲ್ಪ ನೋಡಿ ಪಳಗಿದವಳು, ಅದಕ್ಕೇ ಕೇಳುತ್ತೇನೆ. ನಮ್ಮ ಬೀದಿಯವನೊಬ್ಬನ ಮಗಳು ಚಳಿಗಾಲದಲ್ಲಿ ತೀರಿಕೊಂಡಳು. ಗೋರಿಗೆ ಮುಖ ಬೇಕು ಎಂದ. ಮುಖವಾಯಿತು. ಅಂಥ ಕೆಲಸ ನಾನು ಹಿಂದೆ ಮಾಡಿಲ್ಲ, ಮುಂದೆ ಮಾಡಲಾರೆ. ಆದರೆ ಕೂದಲು ಆಗುತ್ತಿಲ್ಲ. ಮಗುವಿನ ತಾಯಿ ಈಜಿಪ್ಟಿನವಳು. ಇಲ್ಲಿಯ ಜನ ಮಕ್ಕಳ ತಲೆ ಬೋಳಿಸಿ ಬಲಗಿವಿಯ ಮೇಲೆ ಒಂದೇ ಒಂದು ಜಡೆ ಬಿಡುತ್ತಾರೆ. ಆ ಮಗುವಿಗೂ ಹಾಗೇ ಇತ್ತು. ತಂದೆಗೆ ಮಾತ್ರ ಗುಂಗುರೇ ಬೇಕು. ಹಚ್ಚುತ್ತೇನೆ, ಬೆಳಗಾದರೆ ತಾಯಿ ಬಂದು ಉಗುರಿನಿಂದ ಕೀಳುತ್ತಾಳೆ. "ಇದು ಯಾರ ಮಗು?" ಎಂದು ಕೇಳುತ್ತಾಳೆ. ಮತ್ತೆ ಹಚ್ಚುತ್ತೇನೆ. ಮತ್ತೆ ಕೀಳುತ್ತಾಳೆ. ಗೋರಿಯ ಮೇಲೆ ಮುಖ ಕೂರಿಸುವ ಜಾಗ ಇನ್ನೂ ಖಾಲಿಯಾಗಿಯೇ ಇದೆ.

ನೀನಾಗಿದ್ದರೆ ಏನು ಮಾಡುತ್ತಿದ್ದೆ?

ಕ್ಷೇಮವಾಗಿರು.


ಕೋಸ್
ಬೆಳಗಿನ ಆಕಾಶದಲ್ಲಿ ಕೃತ್ತಿಕೆ ಮತ್ತೆ ಹುಟ್ಟಿದ ವಾರ

ಕೆಲಸ ಹೆಚ್ಚು. ಕೆಲಸ ಹೆಚ್ಚು! ಒಂದೇ ಸಾಲಲ್ಲಿ ಮುಗಿಸ್ಬಿಟ್ಯಲ್ಲ ಅಣ್ಣ. ಅಮ್ಮಂಗೆ ನಾನು ಹೇಳ್ಬೇಕಂತೆ. ಹೇಳ್ದೆ. ಅವಳು ಆ ಕೆಂಪು ಪಟ್ಟೀನ ಬೆರಳಿಗೆ ಸುತ್ಕೊಂಡು, ಬಿಚ್ಕೊಂಡು, ಸುತ್ಕೊಂಡು, ಕೊನೆಗೆ "ಇರ್ಲಿ ಬಿಡು, ಗಿರಾಕಿಗಳು ಕಾಯಲ್ಲ" ಅಂದ್ಲು. ನಿನ್ನ ಪರವಾಗಿ! ನನಗೆ ಆ ಪಟ್ಟೀಲೇ ನಿನ್ನ ಕತ್ತು ಬಿಗೀಬೇಕು ಅನ್ನಿಸ್ತು.

ನಿನ್ನ ಆ ಗಿರಾಕಿ ವಿಷಯ ಕೇಳ್ದೆಯಲ್ಲ, ಹೇಳ್ತೀನಿ ಕೇಳು. ಅವನೊಬ್ಬ ಶುದ್ಧ ಪೆದ್ದ. ಮಗು ತಲೇಲಿ ಏನಿತ್ತೋ ಅದನ್ನ ಮಾಡ್ಸೋಕೆ ಏನು ಕಷ್ಟ? ಒಂದು ಜಡೆ ಇದ್ರೆ ಒಂದು ಜಡೆ. ನನಗೆ ಅನ್ಸತ್ತೆ, ಆಯಪ್ಪ ಯಾರಿಗೋ "ನನ್ನ ಮಗಳಿಗೆ ಗುಂಗುರು" ಅಂತ ಜಂಬ ಕೊಚ್ಚಿದಾನೆ, ಈಗ ಸತ್ತ ಮಗು ತಲೆ ಮೇಲೆ ಮಾನ ಉಳಿಸ್ಕೊಳ್ತಿದಾನೆ. ತಾಯಿ ಕೀಳ್ತಾಳಲ್ಲ, ಅವಳು ಸರಿ. ಅವಳಿಗೆ ನನ್ನ ಕಡೆಯಿಂದ ಒಂದು ನಮಸ್ಕಾರ ಹೇಳು. ಆಯಪ್ಪಂಗೆ ಏನೂ ಹೇಳ್ಬೇಡ, ಅಂಥೋರಿಗೆ ಮಾತು ದಂಡ.

ಗೊಂಬೆ ಪಕ್ಕದಲ್ಲಿ ಇಟ್ಟೆ ಅಂತೀಯ, ಅವಳು ಏನಂದ್ಲು ಅಂತ ಬರೀಲೇ ಇಲ್ಲ. ಏನು ಹೆಸರಿಟ್ಲು? ಐದು ವರ್ಷದೋಳು ಹೆಸರಿಡ್ದೆ ಬಿಡ್ತಾಳಾ?

ಅಮ್ಮ ನಾಲ್ಕು ರಾತ್ರಿ ಗುಡಿ ಅಂಗಳದಲ್ಲಿ ಮಲಗಿ ಬಂದ್ಲು, ದೇವರು ಕನಸಲ್ಲಿ ಬಂದು ವಾಸಿ ಮಾಡ್ಲಿ ಅಂತ. ಮಂಡಿಗೆ. ಬರೀ ಮಂಡಿಗೆ. ಕನಸಲ್ಲಿ ದೇವರು ಬರ್ಲಿಲ್ಲ, ಒಂದು ಮಗು ಬಂತಂತೆ, ಮುಖ ತೋರಿಸ್ದೆ ಬೆನ್ನು ಮಾಡಿ ನಿಂತಿತ್ತಂತೆ. ಬೆಳಿಗ್ಗೆ ಎದ್ದೋಳೇ, "ಬರೋಕಾಗ್ದಿದ್ರೆ ಆ ಮಗು ಮುಖನಾದ್ರೂ ಕೆತ್ತಿ ಕಳಿಸು ಅಂತ ಅವನಿಗೆ ಬರಿ. ಊರೋರ ಮುಖ ಎಲ್ಲ ಕೆತ್ತಾನೆ, ಮಗಳದ್ದು ಕೆತ್ತಕ್ಕಾಗಲ್ವಾ?" ಅಂದ್ಲು.

ಬರ್ದಿದೀನಿ. ಕೆತ್ತಕ್ಕಾಗಲ್ವಾ?

ಮಿರ್ತೊ


ಅಲೆಕ್ಸಾಂಡ್ರಿಯ
ಲುಬ್ಧಕ ನಕ್ಷತ್ರ ಹುಟ್ಟಿ ನೈಲ್ ನದಿ ಏರುತ್ತಿರುವ ತಿಂಗಳು

ಮಿರ್ತೊ,

ಈ ಪತ್ರದ ಜೊತೆ ಫನಿಯಾಸ್ ಒಂದು ಮರದ ಪೆಟ್ಟಿಗೆ ಕೊಡುತ್ತಾನೆ. ಒಳಗೆ ಹೊಟ್ಟು ತುಂಬಿದ್ದೇನೆ, ನಿಧಾನವಾಗಿ ತೆಗೆ. ಕ್ಲೈನೊಳ ಮುಖ.

ಬಣ್ಣ ನಾನೇ ಹಾಕಿದೆ. ಕೆನ್ನೆಗೆ ಎರಡು ಸಲ ಕೆಂಪು ಕೊಟ್ಟಿದ್ದೇನೆ. ಅಮ್ಮನನ್ನು ಅಂಗಳದ ಬೆಳಕಿನಲ್ಲಿ ಕೂರಿಸಿ ತೋರಿಸು. ಕಣ್ತುಂಬ ನೋಡಲಿ. ಮೊಮ್ಮಗಳು ಕೆಂಪಗೆ, ಗುಂಡಗೆ ಇದ್ದಾಳೆಂದು ಬೀದಿಗೆಲ್ಲ ಹೇಳಿಕೊಳ್ಳಲಿ.

ಗಾರೆ ದಾರಿಯಲ್ಲಿ ಉದುರುತ್ತದೆ, ಹಾಗಾಗಿ ಕೂದಲು ಹಚ್ಚಿಲ್ಲ. ಅಲ್ಲೇ ಯಾರಿಂದಲಾದರೂ ಹಚ್ಚಿಸು. ಗುಂಗುರು. ನಿನ್ನ ಹಾಗೆ.

ಗೊಂಬೆಗೆ ಹೆಸರು ಇಟ್ಟಿಲ್ಲ.

ಆ ಗಿರಾಕಿಗೆ ನೀನು ಹೇಳಿದ್ದನ್ನು ಹೇಳಿದೆ. ತಾಯಿಗೂ ನಿನ್ನ ನಮಸ್ಕಾರ ತಲುಪಿಸಿದೆ. ಅವಳು ಅತ್ತಳು. ಎಷ್ಟೋ ದಿನಗಳ ಮೇಲೆ ಅತ್ತಳು.

ನಿನ್ನ ಅತ್ತಿಗೆ ತಾಯೆಸಿಸ್ ಚೆನ್ನಾಗಿದ್ದಾಳೆ. ಮಾತು ಕಡಿಮೆ.

ಕ್ಷೇಮವಾಗಿರು.


ಕೋಸ್
ಸ್ವಾತಿ ಮತ್ತೆ ಕಾಣಿಸಿದ ದಿನ

ಅಣ್ಣ,

ಪೆಟ್ಟಿಗೆ ಬಂತು. ಫನಿಯಾಸ್ ಅದನ್ನ ಬಾಗಿಲಲ್ಲಿಟ್ಟು, ನೀರೂ ಕುಡೀದೆ ಹೊರಟುಹೋದ. ನನಗೆ ಆಗ್ಲೇ ಹೊಳೀಬೇಕಿತ್ತು. ನಮ್ಮ ಮನೇಲಿ ಅಂಜೂರ ತಿನ್ದೆ ಯಾವತ್ತಾದ್ರೂ ಎದ್ದಿದಾನಾ ಅವನು?

ಹೊಟ್ಟು ಸರಿಸಿ ನೋಡ್ದೆ. ನಾನು ಕೂಗಿದ್ದು ಬೀದಿ ಕೊನೇವರೆಗೂ ಕೇಳಿರ್ಬೇಕು. ಎಷ್ಟು ಚೆಂದ ಅಣ್ಣ! ಕೆನ್ನೆ ದಾಳಿಂಬೆ ಥರ, ತುಟಿ ಇನ್ನೇನು "ಹಲ್ಲುನೋವಾ?" ಅಂತ ಕೇಳೋ ಹಾಗೆ. ಗ್ಲೌಕೆ ಅತ್ತೆ ಓಡ್ಬಂದು, "ಅಯ್ಯೋ, ಥೇಟ್ ನಮ್ಮ ಮಿರ್ತೊ, ಬಾಯಿ ಒಂದು ಮುಚ್ಚಿದೆ" ಅಂದ್ಲು. ಹಿಂದೆ ತಿರುಗಿಸಿ ನೋಡಿ ಹೌಹಾರಿದ್ಲು: "ತಲೆ ಎಲ್ಲೇ? ಹಡಗಲ್ಲಿ ಒಡೆದುಹೋಯ್ತೇನೇ?" ನಾನು ದೊಡ್ಡ ಪಂಡಿತಳ ಹಾಗೆ ಅಲೆಕ್ಸಾಂಡ್ರಿಯ ಪದ್ಧತಿ ವಿವರಿಸ್ದೆ.

ಆಮೇಲೆ ಮುಖಾನ ಅಮ್ಮನ ತೊಡೆ ಮೇಲಿಟ್ಟೆ.

ಅಣ್ಣ, ಅಮ್ಮಂಗೆ ಕಣ್ಣು ಕಾಣಲ್ಲ. ಎರಡು ವರ್ಷ ಆಯ್ತು. ಬರೀಬೇಡ, ಅವನು ಕೆಲಸ ಬಿಟ್ಟು ಓಡ್ಬರ್ತಾನೆ ಅಂತ ಬಾಯಿ ಕಟ್ಟಿಹಾಕಿದ್ಲು. ಗುಡೀಲಿ ಮಲಗಿದ್ದು ಮಂಡಿಗಲ್ಲ. ನೀನು ಎರಡು ಸಲ ಕೊಟ್ಟ ಕೆಂಪು ಅವಳಿಗೆ ಕಾಣ್ಲೇ ಇಲ್ಲ. ಅವಳು ನೋಡಿದ್ದು ಬೆರಳಲ್ಲಿ.

ಮೊದ್ಲು ಹಣೆ ಸವರಿದ್ಲು, ನಗ್ತಾ ಇದ್ಲು. "ನಿಮ್ಮಪ್ಪನ ಹಣೆ" ಅಂದ್ಲು. ಹುಬ್ಬು, ಮೂಗು. ಹೆಬ್ಬೆರಳು ಕಣ್ಣಿನ ಕೆಳಗೆ ಬಂದು ನಿಂತುಬಿಡ್ತು. ಅಲ್ಲೇ ಎರಡು ಸಲ ಹೋಗಿ ಬಂತು. ಕೆನ್ನೆಗೆ ಇಳೀತು. ಅಪ್ಪನ ಎಷ್ಟು ಶಿಲ್ಪಕ್ಕೆ ಮೇಣ ತಿಕ್ಕಿದ ಕೈ ಅದು.

"ಮಿರ್ತೊ, ಈ ಮಗು ಊಟ ಬಿಟ್ಟು ಎಷ್ಟು ದಿನ ಆಗಿತ್ತೇ?"

ನನಗೆ ಅರ್ಥ ಆಗ್ಲಿಲ್ಲ. "ಏನಮ್ಮ ನೀನು, ಕೆನ್ನೆ ಎಷ್ಟು ಕೆಂಪಗಿದೆ ಗೊತ್ತಾ? ಗುಂಡುಗುಂಡಗಿದಾಳೆ."

"ಕೆಂಪು ಬಣ್ಣದ್ದು. ಬಣ್ಣ ಬಿಡು. ಉಳಿ ಏನು ಹೇಳ್ತಿದೆ ನೋಡು. ಕಣ್ಣು ಮುಚ್ಚು."

ನನ್ನ ಕೈ ಹಿಡ್ಕೊಂಡು ಅದರ ಮೇಲಿಟ್ಲು. ಕಣ್ಣು ಮುಚ್ದೆ. ಅಣ್ಣ, ಅಲ್ಲಿ ಕೆನ್ನೆ ಇರ್ಲಿಲ್ಲ. ಮೂಳೆ ಇತ್ತು, ಮೂಳೆ ಕೆಳಗೆ ಹಳ್ಳ. ಕಣ್ಣಿನ ಸುತ್ತ ಗುಂಡಿ. ಕಿವಿ ಮುಂದೆ ಒಂದು ನರ. ಬೆಸ್ತನ ಕಾಲಿನ ನರ ಕಂಡುಹಿಡಿದೋಳು ನಾನು, ಹಗಲು ಬೆಳಕಲ್ಲಿ ಎರಡು ಕಣ್ಣು ಬಿಟ್ಕೊಂಡು ಇದನ್ನ ನೋಡ್ಲಿಲ್ಲ. ಕಣ್ಣು ಬಿಟ್ಟೆ, ದಾಳಿಂಬೆ. ಮುಚ್ದೆ, ಜ್ವರ ತಿಂದ ಮುಖ.

ಕೈ ಹಿಂದಕ್ಕೆ ಹೋಯ್ತು. ಕಲ್ಲಿನ ಅಂಚಲ್ಲೆಲ್ಲ ಗಾರೆ ಕಿತ್ತ ಗುರುತು. ಪದರ ಮೇಲೆ ಪದರ. ಉಗುರಿನ ಗೀರು.

ಆಗ ಆ ಗಿರಾಕಿ ಯಾರು ಅಂತ ಗೊತ್ತಾಯ್ತು.

ಬಂದರಿಗೆ ಓಡ್ದೆ. ಚಪ್ಪಲಿ ಎಲ್ಲಿ ಬಿತ್ತೋ. ಫನಿಯಾಸ್ ನನ್ನ ನೋಡಿದ ತಕ್ಷಣ ಹಗ್ಗ ಕೆಳಗೆ ಬಿಟ್ಟ. "ಆಣೆ ಹಾಕ್ಸಿದ್ದ ಕಣಮ್ಮ ನಿಮ್ಮಣ್ಣ, ಮೊದ್ಲು ಅವಳ ಜಡೆ ವಿಷಯ ಹೇಳ್ಬೇಡ ಅಂತ, ಆಮೇಲೆ ಇದನ್ನ. ನಾನೇನು ಮಾಡ್ಲಿ? ಚಳಿಗಾಲದಲ್ಲೇ ಹೋಯ್ತು ಆ ಮಗು. ನಾನು ವಸಂತದಲ್ಲಿ ಗೊಂಬೆ ತಗೊಂಡು ಹೋದಾಗ ಬಿಚ್ಚಿ ಕೂಡ ನೋಡ್ಲಿಲ್ಲ, ಎದೆಗೆ ಹಿಡ್ಕೊಂಡು ಸೀದಾ ಗೋರಿ ಕಡೆ ನಡೆದ. ನಾನೂ ಹಿಂದೆ ಹೋದೆ, ಒಬ್ಬನ್ನೇ ಹೆಂಗೆ ಬಿಡೋದು? ಅಲ್ಲಿ ಹೋದ್ಮೇಲೇ ಬಿಚ್ಚಿ, ಅದರ ಕಾಲು ಸವರಿ, ಮಗು ಪಕ್ಕ ಮಲಗಿಸ್ದ." ಮೂಗು ಒರೆಸ್ಕೊಂಡ. "ಎಂಥ ಹುಡುಗಿ ಅಂತೀಯ! ಬೋಳುತಲೆ, ಕಿವಿ ಮೇಲೆ ಒಂದೇ ಒಂದು ಜಡೆ. ಓಡ್ವಾಗ ಅದು ಚಾಟಿ ಥರ ಆಡೋದು. ನನ್ನ ಹಡಗಿನ ಹಗ್ಗ ನೋಡಿ, 'ನಿನ್ನದೂ ಒಂದೇ ಜಡೆ' ಅಂತಿದ್ಲು."

ಅಮ್ಮಂಗೆ ಹೆಂಗೆ ಹೇಳ್ಲಿ ಅಂತ ದಾರಿಯುದ್ದಕ್ಕೂ ಮಾತು ಜೋಡಿಸ್ಕೊಂಡು ಬಂದೆ. ಅವಳು ಅಂಗಳದಲ್ಲಿ ಹಾಗೇ ಕೂತಿದ್ಲು, ಮುಖ ತೊಡೆ ಮೇಲೆ. "ಕತ್ತರಿ ತಾ" ಅಂದ್ಲು. ಮನೇಲಿ ಸಾವಾದಾಗ ಕತ್ತರಿಸೋ ಹಾಗೆ ತನ್ನ ಕೂದಲು ಕತ್ತರಿಸ್ಕೊಂಡ್ಲು. ನೋಡದೆ ಕತ್ತರಿಸ್ತಾಳಲ್ಲ, ಒಂದು ಕಡೆ ಉದ್ದ, ಒಂದು ಕಡೆ ಬುಡಕ್ಕೆ. ಆಮೇಲೆ ನಂದೂ ಕತ್ತರಿಸಿದ್ಲು. ಗ್ಲೌಕೆ ಅತ್ತೆ ಬಂದು ಪಕ್ಕದಲ್ಲಿ ಕೂತು, ತನ್ನ ತಲೇನೂ ಒಡ್ಡಿದ್ಲು.

ಮದುವೆ ಮುಂದಕ್ಕೆ ಹೋಗಿದೆ. ಸಿಮೋಸ್ ಬಂದು ಮೂಲೇಲಿ ಕೂತಿದ್ದು ಹೋದ. ಗೊಂಬೆ ವಿಷಯ ಯಾರೂ ಎತ್ತಲ್ಲ ಈಗ. ಮದುವೆ ಕಾಣದೆ ಹೋದ ಹುಡುಗಿ ಜೊತೆಗೆ ಅವಳ ಗೊಂಬೇನ ಮಲಗಿಸ್ತಾರೆ. ಅದು ಎಲ್ಲಿ ಸೇರ್ಬೇಕಿತ್ತೋ ಅಲ್ಲೇ ಸೇರಿದೆ.

ನಿನ್ನ ಮೇಲೆ ನನಗೆ ಎಷ್ಟು ಕೋಪ ಇದೆ ಅಂದ್ರೆ ಬರೆಯೋಕೆ ಕಾಗದ ಸಾಲಲ್ಲ. ಗುಂಗುರು ಅಂತ ಒಂದು ಸುಳ್ಳು ಹೇಳ್ದೆ, ನಮ್ಮ ಸಂತೋಷಕ್ಕೆ. ಅದನ್ನ ಉಳಿಸೋಕೆ ಸಾವನ್ನೂ ಮುಚ್ಚಿಟ್ಟೆ. ಅತ್ತಿಗೆ ಒಬ್ಬಳೇ ದಿನಾ ಬೆಳಿಗ್ಗೆ ಎದ್ದು ಗಾರೆ ಕೀಳ್ತಿದ್ಲು. ನಾನು ನಿನಗೆ ಪೆದ್ದ ಅಂತ ಬರ್ದೆ, ಜಂಬ ಅಂತ ಬರ್ದೆ. ಅದನ್ನ ನೀನು ಓದ್ದೆ. ಓದಿ, "ಗಿರಾಕಿಗೆ ಹೇಳಿದೆ" ಅಂತ ಬರ್ದೆ. ಹೆಂಗೆ ಬರ್ದೆ ಅಣ್ಣ ಆ ಸಾಲನ್ನ?

ಮುಖ ಇಲ್ಲೇ ಇದೆ. ಅಲ್ಲಿ ಅವಳ ಗೋರಿ ಮೇಲೆ ಇದರ ಜಾಗ ಖಾಲಿ ಇದೆ. ಅಮ್ಮ ಗಾರೆಗೆ ಅಂತ ಸುಣ್ಣ ತರ್ಸಿ ನೆನೆಹಾಕ್ಸಿದಾಳೆ. ಕೂದಲು ತಾನೇ ಹಚ್ಚಿ, ಕೆಂಪು ಪಟ್ಟಿ ಕಟ್ಟಿ ಕಳಿಸ್ತಾಳಂತೆ. "ಬಣ್ಣ ನೀನು ಅಳಿಸು" ಅಂತ ನನಗಂದ್ಲು. ಅಳಿಸ್ದೆ. ಫನಿಯಾಸ್ ಹೇಳಿದ್ದನ್ನೆಲ್ಲ ಅವಳಿಗೆ ಹೇಳಿದೀನಿ, ಚಾಟಿ ಥರ ಆಡೋ ಜಡೆ ಅಂತಾನೂ ಹೇಳ್ದೆ. ಅವಳು ತಲೆ ಆಡಿಸಿ, "ನಾವಿಕ ಹೇಳಿದ್ದು ಬೇಡ. ಅವನು ಹೇಳ್ಲಿ. ಅವನು ಹೇಳೋವರೆಗೂ ನಾನು ಮುಟ್ಟಲ್ಲ" ಅಂದ್ಲು. ದಿನಾ ಬೆಳಿಗ್ಗೆ ಸುಣ್ಣದ ಮಡಕೆಗೆ ಕೈ ಹಾಕಿ ಹದ ನೋಡ್ತಾಳೆ, ಮುಚ್ಚಿಡ್ತಾಳೆ.

ಸಮುದ್ರ ಮುಚ್ಚೋಕೆ ಮುಂಚೆ ಫನಿಯಾಸ್ ಇನ್ನೊಂದೇ ಸಲ ಆ ಕಡೆಯಿಂದ ಬರ್ತಾನೆ. ಅವನ ಕೈಗೆ ಪತ್ರ ಕೊಡು. ಹವಾಮಾನ ಬೇಡ. ಗಿರಾಕಿ ಬೇಡ. ಕ್ಷೇಮವಾಗಿರು ಅಂತಾನೂ ಬೇಡ.

ಹೇಳು ಅಣ್ಣ, ನಮ್ಮ ಕ್ಲೈನೊ ತಲೇಲಿ ಏನಿತ್ತು?